ಯಾರದೋ ದುಡ್ಡು, ಬೆನೆಗಲ್ ಕಣ್ಣು

2024ರ ಡಿಸೆಂಬರಿನಲ್ಲಿ ಶ್ಯಾಮ್ ಬೆನೆಗಲ್ ತೀರಿಕೊಂಡಾಗ ನಾನು ಓದಿದ ಬರಹಗಳಲ್ಲಿ ಹೆಚ್ಚಿನವು ‘ಅಂಕುರ್’, ‘ನಿಶಾಂತ್’, ‘ಭೂಮಿಕಾ’ಗಳನ್ನೇ ಸುತ್ತಿದವು. ಜಾಹೀರಾತು, ಸಾಕ್ಷ್ಯಚಿತ್ರ, ಧಾರಾವಾಹಿಗಳಿಗೆ ಸಿಕ್ಕಿದ್ದು ಒಂದೆರಡು ಸಾಲು, ಅವೆಲ್ಲ ಹೊಟ್ಟೆಪಾಡಿನ ಕೆಲಸ ಎಂಬಂತೆ. ನನಗೆ ಇದು ಒಪ್ಪಿಗೆಯಿಲ್ಲ. 1974ರಲ್ಲಿ ‘ಅಂಕುರ್’ ಬಂದಾಗ ಅವರು ನಲವತ್ತರ ಹತ್ತಿರವಿದ್ದರು. ಅಷ್ಟರಲ್ಲಿ ನೂರಾರು ಜಾಹೀರಾತು ಚಿತ್ರ ಮಾಡಿ ಮುಗಿಸಿದ್ದರು. ಇನ್ನೊಬ್ಬರ ದುಡ್ಡಿನಲ್ಲಿ, ಇನ್ನೊಬ್ಬರು ಕೊಟ್ಟ ವಿಷಯದ ಮೇಲೆ ತನ್ನ ಮಾತನ್ನೂ ಹೇಳುವುದು ಹೇಗೆಂದು ಕಲಿತದ್ದು ಅಲ್ಲೇ ಇರಬೇಕು.

‘ಮಂಥನ್’ (1976) ನೋಡಿ. ಗುಜರಾತಿನ ಐದು ಲಕ್ಷ ಹಾಲು ಉತ್ಪಾದಕರು ತಲಾ ಎರಡು ರೂಪಾಯಿ ಹಾಕಿದ ಚಿತ್ರ. ಸಹಕಾರ ಸಂಘದ ಗುಣಗಾನ ಮಾಡಿ ಸುಮ್ಮನಾಗಬಹುದಿತ್ತು. ಬೆನೆಗಲ್ ಸಂಘದೊಳಕ್ಕೆ ಜಾತಿಯನ್ನು ತಂದು ನಿಲ್ಲಿಸಿದರು. ಚುನಾವಣೆಯಲ್ಲಿ ದಲಿತನೆದುರು ಸೋತ ಸರಪಂಚನಿಗೆ ಅದು ನುಂಗಲಾರದ ತುತ್ತು. ಗಿರೀಶ ಕಾರ್ನಾಡರ ಡಾಕ್ಟರ್ ರಾವ್ ಕೊನೆಗೆ ವರ್ಗವಾಗಿ ಊರು ಬಿಡುತ್ತಾನೆ. ದುಡ್ಡು ಕೊಟ್ಟವರಿಗೆ ಇಂಥ ಚಿತ್ರ ಕೊಡಲು ಎದೆ ಬೇಕು.

‘ಭಾರತ್ ಏಕ್ ಖೋಜ್’ (1988) ಇನ್ನೂ ದೊಡ್ಡ ಪಣ. ದೂರದರ್ಶನಕ್ಕಾಗಿ, ನೆಹರೂ ಪುಸ್ತಕದ ಮೇಲೆ, 53 ಕಂತು. ಯುದ್ಧದ ದೃಶ್ಯಗಳು ಬಡವಾಗಿವೆ, ನಾಲ್ಕು ಕುದುರೆಗಳೇ ಸೈನ್ಯ ಅನ್ನಿಸುತ್ತದೆ. ಆದರೆ ಓಂ ಪುರಿ ಒಮ್ಮೆ ಅಶೋಕ, ಇನ್ನೊಮ್ಮೆ ಔರಂಗಜೇಬ್. ನಡುನಡುವೆ ರೋಶನ್ ಸೇಠ್ ನೆಹರೂ ಆಗಿ ಬಂದು ಮಾತಾಡುತ್ತಾರೆ. ಇದು ಆಟ, ಯಾರೋ ಒಬ್ಬರು ಹೇಳುತ್ತಿರುವ ಇತಿಹಾಸ ಎಂಬುದನ್ನು ಧಾರಾವಾಹಿ ಮರೆಯಗೊಡುವುದಿಲ್ಲ. ಅದೇ ವರ್ಷ ಶುರುವಾದ ‘ಮಹಾಭಾರತ’ದ ನಟರನ್ನು ಜನ ದೇವರಂತೆ ಕಂಡರು. ಓಂ ಪುರಿಗೆ ಯಾರೂ ಕೈಮುಗಿಯಲಿಲ್ಲ, ಸದ್ಯ!

ರೈಲ್ವೆಗಾಗಿ ಮಾಡಿದ ‘ಯಾತ್ರಾ’, ರಾಜ್ಯಸಭಾ ಟಿವಿಗಾಗಿ ಮಾಡಿದ ‘ಸಂವಿಧಾನ್’ (2014) ಕೂಡ ಇದೇ ಜಾಡಿನವು. ‘ಸಂವಿಧಾನ್’ನಲ್ಲಿ ಜನ ಕೂತು ವಾದಿಸುತ್ತಾರೆ, ಬಹುಪಾಲು ಅಷ್ಟೇ. ಆದರೂ ನಾನು ಹತ್ತೂ ಕಂತು ಬಿಡದೆ ನೋಡಿದೆ.

ಈ ಜಾಣ್ಮೆ ಕೈಕೊಟ್ಟದ್ದು ಕೊನೆಯ ಚಿತ್ರ ‘ಮುಜಿಬ್’ನಲ್ಲಿ (2023). ಎರಡು ಸರ್ಕಾರಗಳ ದುಡ್ಡು. ಆಗ ಬಾಂಗ್ಲಾದೇಶದ ಪ್ರಧಾನಿಯಾಗಿದ್ದವರು ಕಥಾನಾಯಕನ ಮಗಳೇ. ‘ಮಂಥನ್’ನಲ್ಲಿ ಒಳ್ಳೆಯ ಉದ್ದೇಶದ ರಾವ್ ಕೂಡ ಎಡವುತ್ತಾನೆ. ಇಲ್ಲಿ ನಾಯಕನಿಗೆ ಎಡವುವ ಅವಕಾಶವೇ ಸಿಕ್ಕಿಲ್ಲ. ನನಗೆ ಬೇಸರವಾಯಿತು.

ಹೊಸದಾಗಿ ನೋಡುವವರು ‘ಖೋಜ್’ನ ಶಿವಾಜಿ ಕಂತುಗಳಿಂದ ಶುರುಮಾಡಬಹುದು. ಅಲ್ಲಿ ನಸೀರುದ್ದೀನ್ ಶಾ ಶಿವಾಜಿ.