ಕಿವಿಗೊಟ್ಟು ಓದಬೇಕಾದ ರಸವಿದ್ಯೆ

ಓಡುವವಳೊಬ್ಬಳು, ಬೆನ್ನಟ್ಟುವವನೊಬ್ಬ, ದಾರಿಯಲ್ಲಿ ಉರುಳುವ ಚಿನ್ನದ ಸೇಬು. ಈ ಮೂರನ್ನು ಇಟ್ಟುಕೊಂಡು ಮಿಖಾಯೆಲ್ ಮೈಯರ್ ಎಂಬ ಜರ್ಮನ್ ವೈದ್ಯ ರಸವಿದ್ಯೆಯ ಗ್ರಂಥವೊಂದನ್ನು ಕಟ್ಟಿದ. 1617ರಲ್ಲಿ ಒಪ್ಪನ್‌ಹೈಮ್‌ನಲ್ಲಿ ಅಚ್ಚಾದ ಅದರ ಹೆಸರು ‘ಅಟಲಾಂಟಾ ಫುಗಿಯೆನ್ಸ್’. ನೋಡಬೇಕು, ಓದಬೇಕು, ಚಿಂತಿಸಬೇಕು, ಹಾಡಬೇಕು, ಕೇಳಬೇಕು ಎಂದು ಅದರ ಮುಖಪುಟವೇ ಸಾರುತ್ತದೆ. ಹಳೆಯ ಯುರೋಪಿಯನ್ ಸಂಗೀತದ ಬೆನ್ನು ಹತ್ತಿದವರು ಒಮ್ಮೆಯಾದರೂ ಈ ಪುಸ್ತಕದ ಹತ್ತಿರ ಬಂದು ನಿಲ್ಲಲೇಬೇಕು.

ಕಥೆ ಗ್ರೀಕರದು. ಓಟದಲ್ಲಿ ತನ್ನನ್ನು ಸೋಲಿಸಿದವನನ್ನೇ ವರಿಸುವೆನೆಂದು ಅಟಲಾಂಟಾ ಪಣ ತೊಟ್ಟಿದ್ದಳು, ಸೋತವರಿಗೆ ಸಾವು. ಹಿಪೊಮಿನೆಸ್ ಪ್ರೇಮದೇವತೆ ವೀನಸ್ ಕೊಟ್ಟ ಮೂರು ಚಿನ್ನದ ಸೇಬುಗಳನ್ನು ಒಂದೊಂದಾಗಿ ಬೀಳಿಸುತ್ತಾ ಓಡಿದ. ಅವಳು ಆಯ್ದುಕೊಳ್ಳಲು ಬಾಗಿದಳು, ಅವನು ಗೆದ್ದ. ಕೈಗೆ ಸಿಗದೆ ಜಾರುವ ಅಟಲಾಂಟಾ ಪಾದರಸ, ಅವಳನ್ನು ಹಿಡಿದು ನಿಲ್ಲಿಸುವವನು ಗಂಧಕ, ನಡುವಿನ ಸೇಬು ಉಪ್ಪು ಎಂದು ವಿದ್ವಾಂಸರು ಬಿಡಿಸುತ್ತಾರೆ. ಆ ಕಾಲದ ರಸವಾದಿಗಳ ಪ್ರಕಾರ ಲೋಹಗಳೆಲ್ಲ ಹುಟ್ಟುವುದು ಈ ಮೂರರಿಂದಲೇ.

ಮೈಯರ್ ಪ್ರಾಗ್‌ನಲ್ಲಿ ಚಕ್ರವರ್ತಿ ಎರಡನೇ ರುಡಾಲ್ಫನ ಆಸ್ಥಾನ ವೈದ್ಯನಾಗಿದ್ದವನು. ಅಲ್ಲಿಂದ ಹೊರಬಿದ್ದ ಮೇಲೆ ಕೆಲವು ವರ್ಷ ಇಂಗ್ಲೆಂಡಿನಲ್ಲಿದ್ದ. 1611ರಲ್ಲಿ ದೊರೆ ಒಂದನೇ ಜೇಮ್ಸ್‌ಗೆ ಕ್ರಿಸ್‌ಮಸ್ ಶುಭಾಶಯ ಬರೆದು ಕಳಿಸಿದ್ದೂ ಉಂಟು. ಅವನ ಗ್ರಂಥದ ವಿನ್ಯಾಸ ಅಚ್ಚುಕಟ್ಟಾದದ್ದು. ಒಟ್ಟು 50 ಲಾಂಛನಗಳು. ಪ್ರತಿಯೊಂದಕ್ಕೂ ಒಂದು ಸೂತ್ರವಾಕ್ಯ, ಮಟೇಯಸ್ ಮೇರಿಯನ್ ತಾಮ್ರದ ತಗಡಿನಲ್ಲಿ ಕೊರೆದದ್ದೆನ್ನಲಾದ ಒಂದು ಚಿತ್ರ, ಲ್ಯಾಟಿನ್ ಮತ್ತು ಜರ್ಮನ್ ಪದ್ಯಗಳು, ವಿವರಣೆ, ಜೊತೆಗೆ ಮೂರು ಕಂಠಗಳಿಗೆ ಬರೆದ ಒಂದು ಫ್ಯೂಗ್.

ಆ ಫ್ಯೂಗ್ ಹೇಗೆ ನಡೆಯುತ್ತದೆಂಬುದನ್ನು ನಮ್ಮ ಕಿವಿ ಬೇಗ ಹಿಡಿಯುತ್ತದೆ. ಕಛೇರಿಯಲ್ಲಿ ಆಲಾಪನೆಯನ್ನು ಪಿಟೀಲು ಹಿಂಬಾಲಿಸುತ್ತದಲ್ಲ, ಹಾಗೆಯೇ ಇಲ್ಲಿ ಎರಡನೆಯ ಕಂಠ ಮೊದಲನೆಯದನ್ನು ಹಿಂಬಾಲಿಸುತ್ತದೆ. ಆದರೆ ಮುಂದಿರುವವರು ನಿಲ್ಲುವುದಿಲ್ಲ, ಹಿಂದಿರುವವರು ಒಂದು ಸ್ವರವನ್ನೂ ಬಿಡುವುದಿಲ್ಲ. ಅಟಲಾಂಟಾ ಹಾಡಿದ್ದನ್ನೇ ಹಿಪೊಮಿನೆಸ್ ತುಸು ತಡವಾಗಿ, ಕೆಲವೆಡೆ ಬೇರೆ ಸ್ವರದಿಂದ ಎತ್ತಿಕೊಂಡು, ಹಾಡುತ್ತಾ ಬರುತ್ತಾನೆ. ಇವರಿಬ್ಬರ ಜೊತೆ ಮೂರನೆಯ ಕಂಠವೊಂದು ನೀಳವಾದ ಸ್ವರಗಳಲ್ಲಿ ನಿಧಾನವಾಗಿ ಸಾಗುತ್ತದೆ. ಅದೇ ಸೇಬು. ಅದು ಚರ್ಚಿನ ಹಳೆಯ ಪ್ರಾರ್ಥನಾಗೀತದ ಒಂದು ತುಣುಕು; 50 ಕೃತಿಗಳಿಗೂ ಅದೇ ಆಧಾರ.

ಬಹುಕಾಲ ಈ ಸಂಗೀತವೆಲ್ಲ ಮೈಯರನದೇ ಎಂದು ನಂಬಲಾಗಿತ್ತು. ಸಂಗೀತ ಸಂಶೋಧಕ ಲೋರೆನ್ ಲುಡ್ವಿಗ್ ಹುಡುಕಿ ತೋರಿಸಿದ್ದೇ ಬೇರೆ. 50ರಲ್ಲಿ 40 ಕೃತಿಗಳು ಇಂಗ್ಲೆಂಡಿನ ಜಾನ್ ಫಾರ್ಮರ್ 1591ರಲ್ಲಿ ಪ್ರಕಟಿಸಿದ ಪುಟ್ಟ ಪುಸ್ತಕದಿಂದ ಬಂದವು. ಒಂದೇ ಮಟ್ಟಿನ ಮೇಲೆ ಎಷ್ಟು ಬಗೆಯ ಬೆನ್ನಟ್ಟುವಿಕೆ ಸಾಧ್ಯ ಎಂದು ತೋರಿಸಲು ಫಾರ್ಮರ್ ಬರೆದ ಪಾಠಗಳವು. ಇದರಿಂದ ಮೈಯರನ ತೂಕ ಕಡಿಮೆಯಾಗುವುದಿಲ್ಲ. ಸ್ವರಗಳಿಗೆ ಅವನು ತನ್ನ ಲ್ಯಾಟಿನ್ ಪದ್ಯಗಳ ಸಾಲುಗಳನ್ನು ಕೂಡಿಸಿದ, ಮೂರು ಕಂಠಗಳಿಗೆ ಮೂರು ಪಾತ್ರ ಕೊಟ್ಟ. ಬರೀ ಅಭ್ಯಾಸದ ಪಾಠವಾಗಿದ್ದದ್ದು ಅಲ್ಲಿಂದ ಮುಂದೆ ಓಟದ ಪಂದ್ಯವಾಯಿತು. ಒಂದೇ ಮಟ್ಟು ಮತ್ತೆ ಮತ್ತೆ ಹೊಸ ರೂಪ ತಾಳುವುದು ಪರುಷಮಣಿ ಹುಡುಕುವವನಿಗೆ ರುಚಿಸದೆ ಇರುತ್ತದೆಯೇ!

ಇದೆಲ್ಲ ಬರೀ ಕಲ್ಪನೆಯ ಆಟವೂ ಅಲ್ಲ. 24ನೇ ಲಾಂಛನವನ್ನೇ ನೋಡಿ. ಮುಂದೆ ತೋಳವೊಂದು ರಾಜನ ಹೆಣವನ್ನು ತಿನ್ನುತ್ತಿದೆ. ಹಿಂದೆ ಅದೇ ತೋಳ ಬೆಂಕಿಯಲ್ಲಿ ಬೇಯುತ್ತಿದೆ, ರಾಜ ಜೀವಂತವಾಗಿ ಎದ್ದು ಹೊರಟಿದ್ದಾನೆ. ರಾಜನೆಂದರೆ ಚಿನ್ನ, ತೋಳವೆಂದರೆ ಆಂಟಿಮನಿಯ ಅದಿರು. ಬೆರಕೆ ಚಿನ್ನವನ್ನು ಮೂಸೆಯಲ್ಲಿ ಈ ಅದಿರಿನೊಡನೆ ಕರಗಿಸಿದರೆ ಬೆಳ್ಳಿ, ತಾಮ್ರಗಳು ಅದಿರಿನ ಗಂಧಕದೊಂದಿಗೆ ಸೇರಿ ಮೇಲೆ ನಿಲ್ಲುತ್ತವೆ. ಚಿನ್ನ ಆಂಟಿಮನಿಯ ಜೊತೆಗೂಡಿ ತಳಕ್ಕಿಳಿಯುತ್ತದೆ. ಆಮೇಲೆ ಗಾಳಿಯೂದಿ ಕಾಯಿಸಿದರೆ ಆಂಟಿಮನಿ ಹೊಗೆಯಾಗಿ ಹೋಗುತ್ತದೆ, ಉಳಿಯುವುದು ಅಪ್ಪಟ ಚಿನ್ನ. ಆ ಕಾಲದ ಕುಲುಮೆಗಳಲ್ಲಿ ನಿಜಕ್ಕೂ ನಡೆಯುತ್ತಿದ್ದ ಶುದ್ಧೀಕರಣ ಇದು. ಅದಕ್ಕೂ ಒಂದು ಫ್ಯೂಗ್ ಇದೆ.

1687ರಲ್ಲಿ ಫ್ರಾಂಕ್‌ಫರ್ಟ್‌ನಲ್ಲಿ ಪುಸ್ತಕ ಬೇರೆ ಹೆಸರಿನಲ್ಲಿ ಮತ್ತೆ ಅಚ್ಚಾದಾಗ ಚಿತ್ರಗಳು ಉಳಿದವು, ಸಂಗೀತ ಬಿಟ್ಟುಹೋಯಿತು. ಆ ಪ್ರತಿ ಓದಿದವರಿಗೆ ಪುಸ್ತಕದ ಮುಖ್ಯ ಅಂಗವೊಂದು ಸಿಗಲೇ ಇಲ್ಲ. ಲಾಂಛನ ನೋಡುವಾಗ ಕಣ್ಣು ಎಲ್ಲವನ್ನೂ ಒಟ್ಟಿಗೆ ಕಾಣುತ್ತದೆ. ಕಾಲದ ಓಟ, ತಡ, ಬೆನ್ನಟ್ಟುವಿಕೆ ತಿಳಿಯುವುದು ಕಿವಿಗೆ ಮಾತ್ರ.

ಈಗ ಆ ಕೊರತೆಯಿಲ್ಲ. ಅಮೆರಿಕದ ಬ್ರೌನ್ ವಿಶ್ವವಿದ್ಯಾಲಯ 2020ರಲ್ಲಿ ‘ಫರ್ನೇಸ್ ಆ್ಯಂಡ್ ಫ್ಯೂಗ್’ ಎಂಬ ಡಿಜಿಟಲ್ ಆವೃತ್ತಿ ಹೊರತಂದಿತು. ಟಾರಾ ನಮ್ಮೆಡಾಲ್ ಮತ್ತು ಡೊನ್ನಾ ಬಿಲಾಕ್ ಸಂಪಾದಿಸಿದ ಅದರಲ್ಲಿ 50 ಫ್ಯೂಗ್‌ಗಳನ್ನೂ ಗಾಯಕರು ಹಾಡಿದ್ದಾರೆ. ಮೂಲ ಪುಟ ನೋಡುತ್ತಲೇ ಕೇಳಬಹುದು. ಹೊಸಬರು ಒಂದೇ ಕೃತಿಯನ್ನು ಮೂರು ಸಲ ಕೇಳುವುದು ಒಳ್ಳೆಯದು. ಮೊದಲ ಸಲ ಸೇಬಿನ ನಿಧಾನದ ಸ್ವರಗಳನ್ನಷ್ಟೇ ಹಿಡಿಯಬೇಕು, ಎರಡನೆಯ ಸಲ ಅಟಲಾಂಟಾಳನ್ನು. ಮೂರನೆಯ ಸಲ ಹಿಪೊಮಿನೆಸ್ ಎಲ್ಲಿ ಸೇರಿಕೊಂಡನೆಂದು ಕಿವಿ ತಾನೇ ಹೇಳುತ್ತದೆ. ತೋಳ ಮತ್ತು ರಾಜನ 24ನೇ ಲಾಂಛನದಿಂದಲೇ ಶುರುಮಾಡಬಹುದು.