ಮನಸ್ಸಿನ ಮಂಡಿಗೆ: ಪಾಕಗ್ರಂಥಗಳ ಓದಿನ ಸುಖ

ಕೈಗೂಡದ ಆಸೆಗಳಲ್ಲಿ ಕಾಲ ಕಳೆಯುವವನನ್ನು ಕಂಡು ನಮ್ಮ ಜನ ‘ಮನಸ್ಸಿನಲ್ಲೇ ಮಂಡಿಗೆ ತಿನ್ನುತ್ತಾನೆ’ ಎಂದು ಆಡಿಕೊಳ್ಳುವುದುಂಟು. ಒಲೆ ಹೊತ್ತಿಸುವ ಯಾವ ಉದ್ದೇಶವೂ ಇಲ್ಲದೆ, ಪಾಕಗ್ರಂಥವೊಂದನ್ನು ಪುಟದಿಂದ ಪುಟಕ್ಕೆ ಓದುತ್ತ ಹೋಗುವವನಿಗೂ ಈ ಮಾತು ಚೆನ್ನಾಗಿಯೇ ಒಪ್ಪುತ್ತದೆ. ಅಂಥ ಓದುಗರು ಹಿಂದೆಯೂ ಇದ್ದರು, ಈಗಲೂ ಇದ್ದಾರೆ. ಅವರು ಪಡೆಯುವ ಸುಖ ಯಾವ ಬಗೆಯದು? ನಾಲಗೆಯದೆ, ಬುದ್ಧಿಯದೆ, ಭಾಷೆಯದೆ? ನಮ್ಮ ವಿಮರ್ಶೆ ಈ ಪ್ರಶ್ನೆಯನ್ನು ಕೇಳಿಕೊಂಡದ್ದು ಅಪೂರ್ವ. ನಿಘಂಟುಕಾರರು ಶಬ್ದಗಳಿಗಾಗಿ, ಇತಿಹಾಸಕಾರರು ಜನಜೀವನದ ವಿವರಗಳಿಗಾಗಿ ಈ ಗ್ರಂಥಗಳನ್ನು ಅಗೆದಿದ್ದಾರೆ. ಗ್ರಂಥವನ್ನು ಗ್ರಂಥವೆಂದೇ ಓದಿ ಬೆಲೆ ಕಟ್ಟಿದವರು ಕಡಿಮೆ. ಪಾಕಗ್ರಂಥಗಳನ್ನು ಸಾಹಿತ್ಯವೆಂದು ಓದುವುದು ನ್ಯಾಯವಾದದ್ದು. ನಾಡಿನಿಂದ ದೂರ ಬಂದು ನೆಲಸಿದ ನಮ್ಮಂಥವರಿಗಂತೂ ಅವಶ್ಯವಾದದ್ದು. ಈ ಲೇಖನ ಹೇಳಹೊರಟಿರುವುದು ಇಷ್ಟೇ.

ಇದಕ್ಕೆ ತಕ್ಕ ನಿದರ್ಶನವನ್ನು ಹುಡುಕಿಕೊಂಡು ದೂರ ಹೋಗಬೇಕಾಗಿಲ್ಲ. ನಮ್ಮ ವಡೋದರದಲ್ಲಿಯೇ ಅದು ಸಿಕ್ಕುತ್ತದೆ. ಮಹಾರಾಜ ಮೂರನೆಯ ಸಯಾಜಿರಾವ್ ಗಾಯಕವಾಡರ ಕಾಲದಲ್ಲಿ ಪ್ರಾರಂಭವಾದ ಗಾಯಕವಾಡ ಪ್ರಾಚ್ಯ ಗ್ರಂಥಮಾಲೆಯ ಮೊದಲ ಪುಸ್ತಕ 1916ರಲ್ಲಿ ಹೊರಬಂದಿತು. ಅದು ರಾಜಶೇಖರನ ‘ಕಾವ್ಯಮೀಮಾಂಸಾ’. ಕಲ್ಯಾಣದ ಚಾಲುಕ್ಯ ಚಕ್ರವರ್ತಿ ಮೂರನೆಯ ಸೋಮೇಶ್ವರನ ‘ಮಾನಸೋಲ್ಲಾಸ’ವೂ ಇದೇ ಮಾಲೆಯಲ್ಲಿ, ಶ್ರೀಗೊಂಡೇಕರರ ಸಂಪಾದಕತ್ವದಲ್ಲಿ, ಮೂರು ಸಂಪುಟಗಳಾಗಿ 1925, 1939 ಮತ್ತು 1961ರಲ್ಲಿ ಅಚ್ಚಾಯಿತು. ಮೈಸೂರಿನಲ್ಲಿ ಆರ್. ಶಾಮಶಾಸ್ತ್ರಿಗಳು ‘ಅಭಿಲಷಿತಾರ್ಥಚಿಂತಾಮಣಿ’ ಎಂಬ ಹೆಸರಿನಿಂದ ಇದೇ ಗ್ರಂಥದ ಮೊದಲ ಭಾಗವನ್ನು 1926ರಲ್ಲಿ ಪ್ರಕಟಿಸಿದರು. ಆದರೆ ಇಡೀ ಗ್ರಂಥಕ್ಕೆ ಅಚ್ಚಿನ ಭಾಗ್ಯ ದೊರೆತದ್ದು ವಡೋದರದಲ್ಲಿ. ಇಂದಿನ ಬೀದರ ಜಿಲ್ಲೆಯ ಬಸವಕಲ್ಯಾಣದಿಂದ ಆಳಿದ ಅರಸನ ಊಟದ ಎಲೆಯನ್ನು ಗುಜರಾತಿನ ಈ ನಗರ ಓದುಗರ ಮುಂದೆ ಹಾಸಿತೆಂಬುದು ನಾವು ನೆನೆಯತಕ್ಕ ಸಂಗತಿ.

ಈ ಎರಡು ಪುಸ್ತಕಗಳು ಒಂದೇ ಮಾಲೆಯಲ್ಲಿ ಬಂದುದು ಕಾಕತಾಳೀಯವಿರಬಹುದು. ಅವುಗಳ ನಂಟು ಮಾತ್ರ ಕಾಕತಾಳೀಯವಲ್ಲ. ರಾಜಶೇಖರನು ಕಾವ್ಯದ ಪಾಕವನ್ನು ಒಂಬತ್ತು ಬಗೆಯಾಗಿ ವಿಂಗಡಿಸುತ್ತಾನೆ. ಬೇವು ಮೊದಲಿನಿಂದ ಕೊನೆಯವರೆಗೂ ಕಹಿ. ಬದನೆ ಮೊದಲು ಸಾಧಾರಣ, ಕೊನೆಗೆ ಕೆಡುಕು. ದ್ರಾಕ್ಷಿ ಮೊದಲು ಹಿತವಲ್ಲದಿದ್ದರೂ ಕೊನೆಗೆ ಸವಿ. ತೆಂಗಿನಕಾಯಿ ಆದಿಯಿಂದ ಅಂತ್ಯದವರೆಗೂ ಸವಿ. ರಸ, ರುಚಿ, ಪಾಕ, ಆಸ್ವಾದ, ಚರ್ವಣ—ನಮ್ಮ ಕಾವ್ಯವಿಚಾರದ ಮುಖ್ಯ ಪರಿಭಾಷೆಗಳನ್ನು ಎಣಿಸಿದರೆ ಅಡುಗೆಮನೆಯ ಪಾತ್ರೆಗಳನ್ನು ಎಣಿಸಿದಂತೆಯೇ ಆಗುತ್ತದೆ. ಇಷ್ಟು ದೊಡ್ಡ ಸಾಲವನ್ನು ಎತ್ತಿದ ವಿಮರ್ಶೆ, ಸಾಲ ಕೊಟ್ಟವರ ಮನೆಯ ಪುಸ್ತಕಗಳನ್ನು ಮಾತ್ರ ಸಾಹಿತ್ಯವಲ್ಲವೆಂದು ಹೊರಗಿಟ್ಟಿತು. ಬ್ಯಾಂಕಿನ ಕೆಲಸದಲ್ಲಿರುವವನಿಗೆ ಇಂಥ ಲೆಕ್ಕ ಕಣ್ಣಿಗೆ ಬೀಳದೆ ಇರದು.

ಇನ್ನು ಗ್ರಂಥಕ್ಕೆ ಬರೋಣ. 1129ರಲ್ಲಿ ರಚಿತವಾದ ಮಾನಸೋಲ್ಲಾಸದಲ್ಲಿ ಐದು ವಿಂಶತಿಗಳು, ನೂರು ಅಧ್ಯಾಯಗಳು. ಮೂರನೆಯ ವಿಂಶತಿಯಲ್ಲಿ ಅನ್ನಭೋಗ, ಪಾನೀಯಭೋಗ, ತಾಂಬೂಲಭೋಗ ಮೊದಲಾದವು ಬರುತ್ತವೆ. ಅನ್ನಭೋಗವನ್ನು ಓದುವಾಗ ಮೊದಲು ಸೆರೆಹಿಡಿಯುವುದು ಕ್ರಿಯೆಗಳ ಕ್ರಮ. ಮಂಡಿಗೆಯ ಪ್ರಕರಣವನ್ನೇ ನೋಡಬಹುದು. ಗೋಧಿಯನ್ನು ತೊಳೆಯಬೇಕು, ಬಿಸಿಲಿನಲ್ಲಿ ಒಣಗಿಸಬೇಕು, ಬೀಸಬೇಕು, ಜರಡಿ ಹಿಡಿಯಬೇಕು, ನಾದಬೇಕು. ಕೈಯಿಂದಲೇ ಹರಡಿ, ಕಾಯಿಸಿದ ಮಡಕೆಯ ಬೆನ್ನಿನ ಮೇಲೆ ಬೇಯಿಸಬೇಕು. ಬೋರಲು ಪಾತ್ರೆಯ ಮೇಲೆ ಮಂಡಿಗೆ ಬೇಯಿಸುವ ಈ ವಿದ್ಯೆ ಬೆಳಗಾವಿಯ ಕಡೆ ಇಂದಿಗೂ ಉಳಿದಿದೆ. ಅದನ್ನು ಕಣ್ಣಾರೆ ಕಂಡವನು ಈ ಶ್ಲೋಕಗಳನ್ನು ಓದಿದರೆ ಸುಮಾರು ಒಂಬೈನೂರು ವರ್ಷಗಳ ಅಂತರವನ್ನು ಒಂದು ಕೈಚಳಕ ದಾಟಿ ಬಂದಂತೆ ಭಾಸವಾಗುತ್ತದೆ. ಓದಿನ ಸುಖದ ಮೊದಲ ಅಂಶ ಇದೇ: ಮಾಡುವ ಕೈ ಕಣ್ಣಿಗೆ ಕಟ್ಟುವುದು.

ಇದೇ ಅಧ್ಯಾಯದ ‘ಇಡರಿಕಾ’ ವಿದ್ವಾಂಸರಿಗೆ ಹೆಚ್ಚು ಪರಿಚಿತ. ಉದ್ದಿನ ಹಿಟ್ಟಿನ ಸಣ್ಣ ಉಂಡೆಗಳು; ಮೆಣಸು, ಜೀರಿಗೆ, ಇಂಗಿನ ಸಂಸ್ಕಾರ. ಸುಮಾರು 920ರ ‘ವಡ್ಡಾರಾಧನೆ’ಯಲ್ಲಿ ಬರುವ ‘ಇಡ್ಡಲಿಗೆ’ ಇದರ ಹಿರಿಯಕ್ಕ. ಕೊಳ್ಳೇಗಾಲದಲ್ಲಿ ಹುಟ್ಟಿದ ಆಹಾರವಿಜ್ಞಾನಿ ಕೆ. ಟಿ. ಅಚಯ ಅವರು 1994ರ ತಮ್ಮ ಗ್ರಂಥದಲ್ಲಿ ಇದನ್ನೆಲ್ಲ ಪರಿಶೀಲಿಸಿ, ಇಂದಿನ ಇಡ್ಲಿಯ ಮೂರು ಲಕ್ಷಣಗಳಾದ ಅಕ್ಕಿಯ ಬೆರಕೆ, ಹಿಟ್ಟಿನ ಹುದುಗು, ಹಬೆಯ ಬೇಯುವಿಕೆ ಆ ಹಳೆಯ ವರ್ಣನೆಗಳಲ್ಲಿ ಕಾಣುವುದಿಲ್ಲವೆಂದು ತೋರಿಸಿದರು. ಅಂದಿನಿಂದ ಇಡ್ಲಿ ಯಾರದೆಂಬ ಜಗಳ ನಡೆದೇ ಇದೆ. ಗುಜರಾತಿನ ಫರಸಾಣದ ಅಂಗಡಿಯಲ್ಲಿ ‘ಇದಡಾ’ ಎಂಬ ಬೆಳ್ಳನೆಯ, ಹಬೆಯಲ್ಲಿ ಬೆಂದ ತಿಂಡಿಯನ್ನು ಕೊಳ್ಳುವ ನಮಗೆ ಶಬ್ದಸಾಮ್ಯ ಕಿವಿಗೆ ತಟ್ಟದಿರದು. ಆದರೆ ಇಲ್ಲಿ ಹಕ್ಕುಪತ್ರ ಹುಡುಕುವ ಓದು ಬಡ ಓದು. ಒಂದು ಹೆಸರು ಒಂದು ಹಿಟ್ಟಿನಿಂದ ಮತ್ತೊಂದಕ್ಕೆ, ಒಂದು ನಾಡಿನಿಂದ ಮತ್ತೊಂದಕ್ಕೆ ನಡೆದುಹೋಗುವ ಬಗೆಯನ್ನು ನೋಡುವುದರಲ್ಲಿ ಇರುವ ಸೊಗಸು ಒಡೆತನದ ವಾದದಲ್ಲಿ ಇಲ್ಲ.

ಇದೇ ಪುಟಗಳಲ್ಲಿ ಸುಟ್ಟ ಹಂದಿಯ ಮಾಂಸ, ಮೀನು, ಆಮೆ, ಹೊಲದ ಇಲಿಗಳ ಪಾಕವೂ ಇದೆ. ನಮ್ಮ ಓದುಗರಲ್ಲಿ ಅನೇಕರು ಶಾಕಾಹಾರಿಗಳು. ಈ ಭಾಗ ಬಂದಾಗ ಪುಟ ಮಗುಚುವುದು ಅವರಿಗೆ ಸಹಜ. ಸಂಪಾದಕರು ಮಗುಚಲಿಲ್ಲ, ಮಂಡಿಗೆಯ ಶ್ಲೋಕಗಳೊಡನೆ ಈ ಶ್ಲೋಕಗಳನ್ನೂ ಅಚ್ಚಿಗೆ ಕೊಟ್ಟರು. ತಿನ್ನುವುದು ಬಿಡುವುದು ಅವರವರ ವ್ರತ. ಓದುವಾಗ ಬಿಟ್ಟು ಓದುವುದು ಗ್ರಂಥಕ್ಕೆ ಮಾಡುವ ಅನ್ಯಾಯ. ಪ್ರಾಚೀನ ಕರ್ನಾಟಕದ ಊಟದ ಎಲೆಯನ್ನು ನಮ್ಮ ಇಂದಿನ ಮಡಿಗೆ ತಕ್ಕಂತೆ ತೊಳೆದಿಟ್ಟರೆ ಉಳಿಯುವುದು ಇತಿಹಾಸವಲ್ಲ, ಆತ್ಮಸ್ತುತಿ.

ಕನ್ನಡದಲ್ಲಿಯೇ ರಚಿತವಾದ ಪಾಕಗ್ರಂಥಗಳನ್ನು ಇದರ ಪಕ್ಕದಲ್ಲಿಟ್ಟು ನೋಡಬೇಕು. ಇಮ್ಮಡಿ ಚಾವುಂಡರಾಯನ ‘ಲೋಕೋಪಕಾರ’ ಸುಮಾರು 1025ರದು. ಜ್ಯೋತಿಷ, ವಾಸ್ತು, ವೃಕ್ಷಾಯುರ್ವೇದ, ಗಂಧಯುಕ್ತಿಗಳ ಜೊತೆಗೆ ಸೂಪಶಾಸ್ತ್ರಕ್ಕೂ ಅಲ್ಲಿ ಎಡೆಯುಂಟು. ಕಲ್ಲಹಳ್ಳಿಯ ಜೈನ ಪ್ರಭು ಮೂರನೆಯ ಮಂಗರಸನ ‘ಸೂಪಶಾಸ್ತ್ರ’ 1508ರ ಸುಮಾರಿನದು. ಆರು ಅಧ್ಯಾಯಗಳ ಈ ಕೃತಿ ಪೂರ್ಣ ಶಾಕಾಹಾರದ್ದು: ಭಕ್ಷ್ಯಗಳು, ಪಾನಕಗಳು, ಅನ್ನದ ಬಗೆಗಳು, ಬದನೆ, ಹಲಸು, ಬಾಳೆ, ಕಳಲೆ, ನೆಲ್ಲಿ. 2012ರಲ್ಲಿ ಇದು ಇಂಗ್ಲಿಷ್ ಅನುವಾದದೊಡನೆ ಹೊಸದಾಗಿ ಬೆಳಕಿಗೆ ಬಂದಿತು. ಮೂರು ಹೆಸರುಗಳೇ ಮೂರು ದೃಷ್ಟಿಗಳನ್ನು ಸೂಚಿಸುತ್ತವೆ. ಸೋಮೇಶ್ವರನದು ಉಲ್ಲಾಸ: ಉಣ್ಣುವವನ ನೋಟ. ಚಾವುಂಡರಾಯನದು ಉಪಕಾರ: ಬಾಳುವವನ ನೋಟ. ಮಂಗರಸನದು ಶಾಸ್ತ್ರ: ಕಲಿಯುವವನ ನೋಟ.

ಮಂಗರಸನು ಆಯ್ದುಕೊಂಡ ಛಂದಸ್ಸು ವಾರ್ಧಕ ಷಟ್ಪದಿ. ರಾಘವಾಂಕನ ಹರಿಶ್ಚಂದ್ರನೂ ಲಕ್ಷ್ಮೀಶನ ಜೈಮಿನಿಯೂ ನಡೆದ ದಾರಿ. ನಾಲ್ಕು ಸಾಲುಗಳಲ್ಲಿ ಐದೈದು ಮಾತ್ರೆಯ ನಾಲ್ಕು ಗಣ. ಮೂರನೆಯ, ಆರನೆಯ ಸಾಲುಗಳಲ್ಲಿ ಆರು ಗಣಗಳ ಮೇಲೊಂದು ಗುರು. ಪುಸ್ತಕವನ್ನು ಒಲೆಯ ಬಳಿ ಬಿಡಿಸಿಟ್ಟುಕೊಳ್ಳದ ಕಾಲದಲ್ಲಿ ಪದ್ಯವೇ ಪಾಕದ ನೆನಪಿನ ಗಂಟು. ಆದರೆ ವಿಮರ್ಶಕನು ಇಲ್ಲಿ ಕೇವಲ ಹೊಗಳಿ ಸುಮ್ಮನಾಗಬಾರದು. ಪ್ರಾಸಕ್ಕೆ ಕಟ್ಟುಬಿದ್ದ ಪದ್ಯ ಅಳತೆಯನ್ನು ಹೇಳಲು ಹಿಂಜರಿಯುತ್ತದೆ. ಸಾಮಗ್ರಿಗಳ ಪಟ್ಟಿ ಕೆಲವೊಮ್ಮೆ ಪಟ್ಟಿಯಾಗಿಯೇ ಉಳಿಯುತ್ತದೆ. ಸೋಮೇಶ್ವರನ ದೋಷ ಬೇರೆ: ಒಲೆಯ ಮುಂದೆ ಬೆವರಿದವರು ಅವನಲ್ಲಿ ಕಾಣುವುದೇ ಇಲ್ಲ. ಮೂವರೂ ಪುರುಷರು, ಮೂವರೂ ಅಧಿಕಾರದ ಬಳಿಯಿದ್ದವರು. ದಿನನಿತ್ಯ ಅಟ್ಟವರ ಮಾತು ಪುಸ್ತಕಕ್ಕೆ ಬರಲು ಬಹುಕಾಲ ಹಿಡಿಯಿತು.

ಆ ಮಾತು ಬಂದುದು ಮನೆ ಬಿಟ್ಟು ಬಂದವರಿಂದ ಎಂಬುದು ಗಮನಾರ್ಹ. ಮುಂಬಯಿಯ ಸಾರಸ್ವತ ಮಹಿಳಾ ಸಮಾಜ ಹೊರತಂದ ‘ರಸಚಂದ್ರಿಕಾ’ ಇದಕ್ಕೆ ಒಳ್ಳೆಯ ಉದಾಹರಣೆ. ಅದು ಕೆನರಾ ಕರಾವಳಿಯ ಊಟವನ್ನು ನಗರಕ್ಕೆ ಬಂದ ಕುಟುಂಬಗಳಿಗಾಗಿ ಮೊದಲು ಮರಾಠಿಯಲ್ಲಿ, ಅನಂತರ ಇಂಗ್ಲಿಷಿನಲ್ಲಿ ಬರೆದಿಟ್ಟ ಪುಸ್ತಕ. ಅತ್ತೆಯಿಂದ ಸೊಸೆಗೆ, ತಾಯಿಯಿಂದ ಮಗಳಿಗೆ ಕೈಯಿಂದ ಕೈಗೆ ದಾಟುತ್ತಿದ್ದುದು ತುಂಡಾಗುವ ಜಾಗದಲ್ಲಿಯೇ ಪಾಕಪುಸ್ತಕ ಹುಟ್ಟುತ್ತದೆ. ಆದುದರಿಂದ ಅದರ ಸಾಲುಗಳ ಹಿಂದೆ ಒಂದು ಕಳವಳ ಅಡಗಿರುತ್ತದೆ. ಅದನ್ನು ಕೇಳಿಸಿಕೊಳ್ಳುವುದು ಓದಿನ ಎರಡನೆಯ ಅಂಶ.

ಮೂರನೆಯದು ಭಾಷೆಯದು. ಇಂದಿನ ಪಾಕಪುಸ್ತಕಗಳು ಗ್ರಾಮು, ನಿಮಿಷ, ಡಿಗ್ರಿಗಳಲ್ಲಿ ಮಾತನಾಡುತ್ತವೆ, ಅದು ಸರಿಯೇ. ಆದರೆ ಎಂಥ ಪುಸ್ತಕವೂ ಕೊನೆಗೆ ‘ರುಚಿಗೆ ತಕ್ಕಷ್ಟು ಉಪ್ಪು’ ಎಂದು ಬರೆದು ಲೇಖನಿಯನ್ನು ಓದುಗನ ಕೈಗೆ ಕೊಟ್ಟುಬಿಡುತ್ತದೆ. ನಮ್ಮ ಕಚೇರಿಯಲ್ಲಿ ‘ತಕ್ಕಷ್ಟು ಮೊಬಲಗು’ ಎಂದು ಬರೆದ ಚೆಕ್ಕು ನಡೆಯದು. ಅಡುಗೆಮನೆಯಲ್ಲಿ ಅದೇ ನಡೆಯುವ ನಾಣ್ಯ. ಅಂಕಿ ಮುಗಿದ ಮೇಲೆ ಉಳಿಯುವುದನ್ನು ಕನ್ನಡ ‘ಹದ’ ಎನ್ನುತ್ತದೆ. ಹುರಿಯುವುದು ಬೇರೆ, ಕರಿಯುವುದು ಬೇರೆ, ಬಾಡಿಸುವುದು ಬೇರೆ. ಅರೆಯುವುದು, ರುಬ್ಬುವುದು, ಬೀಸುವುದು, ಕುಟ್ಟುವುದು, ಜಜ್ಜುವುದು ಒಂದೇ ಅಲ್ಲ. ಬಸಿಯುವುದಕ್ಕೂ ಸೋಸುವುದಕ್ಕೂ ವ್ಯತ್ಯಾಸವಿದೆ. ಇಷ್ಟು ಸೂಕ್ಷ್ಮವಾದ ಕ್ರಿಯಾಪದಗಳ ಸಮೂಹ ನಮ್ಮ ಭಾಷೆಯ ಇನ್ನಾವ ಮೂಲೆಯಲ್ಲಿ ಇಷ್ಟು ಒತ್ತಾಗಿ ಸಿಕ್ಕೀತು? ಹದದ ಅರಿವಿರುವುದು ಕೈಯಲ್ಲಿ. ಅದನ್ನು ಶಬ್ದದಲ್ಲಿ ಹಿಡಿಯಲು ಭಾಷೆ ಪಡುವ ಪಾಡೇ ಪಾಕಗ್ರಂಥದ ರಸ. ಕವಿಯೂ ಪಡುವುದು ಅದೇ ಪಾಡು.

ಇದಕ್ಕೆ ಅಹಮದಾಬಾದಿನಿಂದ ಒಂದು ಆಕ್ಷೇಪ ಬರಬಹುದು. 1915ರಲ್ಲಿ ಗಾಂಧೀಜಿ ಅಲ್ಲಿ ಸ್ಥಾಪಿಸಿದ ಆಶ್ರಮದ ವ್ರತಗಳಲ್ಲಿ ಅಸ್ವಾದವೂ ಒಂದು: ಅನ್ನವನ್ನು ಔಷಧದಂತೆ, ದೇಹಕ್ಕೆ ಬೇಕಾದಷ್ಟೇ ಸೇವಿಸಬೇಕು, ನಾಲಗೆಯ ಸುಖಕ್ಕಲ್ಲ. ಈ ದೃಷ್ಟಿಗೆ ಅನ್ನಭೋಗದ ಓದು ಮಾನಸಿಕ ಜಿಹ್ವಾಚಾಪಲ್ಯವೆಂದು ತೋರಬಹುದು. ಆಕ್ಷೇಪ ಹಗುರವಾದುದಲ್ಲ. ಹಸಿದ ಜನರ ನಾಡಿನಲ್ಲಿ ಅರಸನ ಭಕ್ಷ್ಯಗಳ ವರ್ಣನೆ ಓದಿ ಹಿಗ್ಗುವುದಕ್ಕೆ ಒಂದು ಮಿತಿ ಇರಲೇಬೇಕು. ಆದರೆ ಗಾಂಧೀಜಿಯ ಜೀವನವೇ ಇನ್ನೊಂದು ಸಾಕ್ಷ್ಯವನ್ನೂ ನುಡಿಯುತ್ತದೆ. 1888ರಲ್ಲಿ ಲಂಡನ್ನಿಗೆ ಹೋದ ಆ ತರುಣ, ತಾಯಿಗೆ ಕೊಟ್ಟ ಮಾತಿನಿಂದ ಮಾಂಸವನ್ನು ಮುಟ್ಟದೆ ಹಸಿವಿನಲ್ಲಿ ಅಲೆದು, ಕಡೆಗೊಂದು ಶಾಕಾಹಾರಿ ಭೋಜನಶಾಲೆಯನ್ನು ಕಂಡ. ಅಲ್ಲಿ ಮಾರಾಟಕ್ಕಿಟ್ಟಿದ್ದ ಹೆನ್ರಿ ಸಾಲ್ಟನ ಪುಸ್ತಕವನ್ನು ಒಂದು ಷಿಲಿಂಗಿಗೆ ಕೊಂಡು ಊಟಕ್ಕೆ ಕುಳಿತ. ಆ ಪುಸ್ತಕವನ್ನು ಆದ್ಯಂತ ಓದಿದ. ಅದುವರೆಗೆ ಮಾತಿಗೆ ಕಟ್ಟುಬಿದ್ದು ಶಾಕಾಹಾರಿಯಾಗಿದ್ದವನು ಆ ಓದಿನಿಂದ ಮನಸ್ಸೊಪ್ಪಿ ಶಾಕಾಹಾರಿಯಾದ. ಆಹಾರದ ಪುಸ್ತಕ ನಾಲಗೆಯನ್ನು ಕೆರಳಿಸುವುದಷ್ಟೇ ಅಲ್ಲ, ವಿವೇಕವನ್ನೂ ಎಬ್ಬಿಸಬಲ್ಲುದು. ಪರದೇಶದಲ್ಲಿ ಒಬ್ಬಂಟಿಯಾದವನಿಗೆ ಅಂಥ ಪುಸ್ತಕ ಎಷ್ಟು ದೊಡ್ಡ ಆಸರೆ ಎಂಬುದನ್ನು ನಮಗೆ ಬೇರೆಯಾಗಿ ವಿವರಿಸಬೇಕಾಗಿಲ್ಲ.

ಇತ್ತ ಸೂರತ್ ನಗರ ಅಸ್ವಾದಕ್ಕೆ ಪ್ರತಿಪಕ್ಷ. ಊಟ ಸೂರತ್ತಿನದು, ಸಾವು ಕಾಶಿಯದು ಎಂಬುದು ಗುಜರಾತಿಗಳ ಗಾದೆ. ಚಳಿಗಾಲದಲ್ಲಿ ಅಲ್ಲಿ ಎಳೆಯ ಜೋಳದ ತೆನೆಯನ್ನು ಸುಟ್ಟು, ಕಾಳು ಬಿಡಿಸಿ, ಸೇವಿನೊಡನೆ ‘ಪೋಂಕ್’ ಎಂದು ತಿನ್ನುತ್ತಾರೆ. ಬಿಜಾಪುರ, ಧಾರವಾಡಗಳ ಕಡೆಯವರಿಗೆ ಇದು ‘ಸೀತನಿ’ಯೇ. ಎರಡು ನುಡಿ, ಒಂದೇ ತೆನೆ, ಒಂದೇ ಹೊಗೆಯ ಪರಿಮಳ. ಪಾಕಗ್ರಂಥಗಳನ್ನು ಓದಿ ಹದಗೊಂಡ ಮನಸ್ಸು ಇಂಥಲ್ಲಿ ಪರಕೀಯತೆಯನ್ನು ಮರೆಯುತ್ತದೆ. ನೆರೆಯವರ ಊಟವನ್ನು ತಿಂದು ‘ನಮ್ಮದರಂತಿಲ್ಲ’ ಎನ್ನುವುದು ಸುಲಭ. ಓದಿ ಅರಿತವನು ಎಲ್ಲಿ ನಮ್ಮದು, ಎಲ್ಲಿ ಅಲ್ಲ ಎಂದು ವಿಂಗಡಿಸಿ ಎರಡನ್ನೂ ಗೌರವಿಸುತ್ತಾನೆ.

ನಮ್ಮ ಮೂರು ನಗರಗಳ ಕನ್ನಡ ಮನೆಗಳಲ್ಲಿ ಈಗ ಬೆಳೆಯುತ್ತಿರುವ ಮಕ್ಕಳಿಗೆ ಸಾರು, ಹುಳಿ, ಪಲ್ಯಗಳ ರುಚಿ ಗೊತ್ತು. ಬಾಡಿಸು, ಬಸಿ, ಜಜ್ಜು ಎಂಬ ಮಾತುಗಳು ಮಾತ್ರ ಅನೇಕರಿಗೆ ಗೊತ್ತಿಲ್ಲ. ಮೊಬೈಲಿನ ದೃಶ್ಯಪಾಠಗಳು ಕಣ್ಣಿಗೆ ಕಲಿಸುವಷ್ಟನ್ನು ನಾಲಗೆಗೆ ಕಲಿಸುವುದಿಲ್ಲ. ರುಚಿ ಉಳಿದು ಮಾತು ಹೋದರೆ ಅರ್ಧ ಅಡುಗೆ ಹೋದಂತೆಯೇ. ಅದಕ್ಕಾಗಿ ನಮ್ಮ ಸಂಘಗಳು ಎರಡು ಕೆಲಸಗಳನ್ನು ಕೈಗೊಳ್ಳಬೇಕು. ಮೊದಲನೆಯದು, ಮಂಗರಸನ ಕೆಲವು ಪದ್ಯಗಳನ್ನು ಅರ್ಥಸಹಿತ ವಾಚನಕ್ಕೆ ತರುವುದು. ಎರಡನೆಯದು ಇನ್ನೂ ಅವಸರದ್ದು: ಹಿರಿಯ ಗೃಹಿಣಿಯರ ಬಳಿ ಇರುವ, ಎಣ್ಣೆಯ ಕಲೆ ಬಿದ್ದ, ಪಾವು-ಚಟಾಕುಗಳಲ್ಲಿ ಬರೆದ ಕೈಬರಹದ ಅಡುಗೆ ಪುಸ್ತಕಗಳನ್ನು, ಅವರ ಮಾತನ್ನು ತಿದ್ದದೆ, ಊರು ಸೀಮೆಗಳ ವಿವರದೊಡನೆ ಪ್ರತಿ ಮಾಡಿಕೊಳ್ಳುವುದು. ಹನ್ನೆರಡನೆಯ ಶತಮಾನದ ಒಬ್ಬ ಅರಸನ ಭೋಜನಕ್ಕೆ ವಡೋದರದ ವಿದ್ವಾಂಸರು ಮೂರೂವರೆ ದಶಕಗಳ ಶ್ರಮವನ್ನು ಸಲ್ಲಿಸಿದರು. ನಮ್ಮ ಮನೆಯ ತಾಯಂದಿರ ಪುಸ್ತಕಗಳಿಗೆ ಕೆಲವು ಭಾನುವಾರಗಳನ್ನಾದರೂ ಸಲ್ಲಿಸುವುದು ನಮ್ಮಿಂದ ಆಗಬೇಕು.