ಚಂದ್ರ ಉತ್ತರ ಕೊಡದಿದ್ದಾಗ

ಹೋದ ತಿಂಗಳು ನನ್ನ ತರಗತಿಯ ವಿದ್ಯಾರ್ಥಿನಿಯೊಬ್ಬಳು ಫೋನಿನಲ್ಲಿ ಒಂದು ಚಿತ್ರ ತೋರಿಸಿದಳು. ತಲೆಗೆ ಪಟ್ಟಿ ಕಟ್ಟಿದ ಹೆಣ್ಣು, ಹಿಂದೆ ನಕ್ಷತ್ರಗಳು, ಕೆಳಗೆ ಬರಹ: ‘ಎನ್‌ಹೆಡುವನ್ನಾ, ಜಗತ್ತಿನ ಮೊದಲ ಮಹಿಳಾ ಖಗೋಳ ವಿಜ್ಞಾನಿ’. “ಇದು ಖರೇ ಏನ್ರೀ ಮ್ಯಾಡಮ್?” ಎಂದು ಕೇಳಿದಳು. ಸವದತ್ತಿ ಕಡೆಯ ಹುಡುಗಿ. ಖರೇ ಎಂದು ಹೇಳಿಬಿಡುವ ಆಸೆ ನನಗೂ ಆಯಿತು. ಹೇಳಲಿಲ್ಲ. ಅವತ್ತು ಬಾಯಿಗೆ ಬಾರದ ಉತ್ತರವನ್ನು ಇಲ್ಲಿ ಬರೆಯುತ್ತಿದ್ದೇನೆ.

ಎನ್‌ಹೆಡುವನ್ನಾ ಕಟ್ಟುಕತೆಯ ಹೆಣ್ಣಲ್ಲ. ಕ್ರಿ.ಪೂ. 2300ರ ಸುಮಾರಿಗೆ ಅಕ್ಕಾಡಿನ ದೊರೆ ಸಾರ್ಗೋನನ ಮಗಳಾಗಿ, ಉರ್ ಪಟ್ಟಣದಲ್ಲಿ ಚಂದ್ರದೇವ ನನ್ನನ ಮಹಾಪೂಜಾರಿಣಿಯಾಗಿ ಬದುಕಿದವಳು. 1927ರಲ್ಲಿ ಲಿಯೊನಾರ್ಡ್ ವೂಲಿ ಉರ್‌ನಲ್ಲಿ ಅಗೆಸಿದಾಗ ಅವಳ ರೂಪವನ್ನೂ ಹೆಸರನ್ನೂ ಕೆತ್ತಿದ ಬಿಳಿಗಲ್ಲಿನ ಬಿಲ್ಲೆ ಸಿಕ್ಕಿತು. ಹೆಸರು ತಿಳಿದಿರುವ ಕವಿಗಳಲ್ಲಿ ಅವಳೇ ಮೊದಲಿಗಳು ಎನ್ನುತ್ತಾರೆ. ಅವಳ ಹೆಸರಿನಲ್ಲಿರುವ ಪದ್ಯಗಳ ಬಹುಪಾಲು ಪ್ರತಿಗಳು ಅವಳ ಕಾಲಕ್ಕಿಂತ ಸುಮಾರು ಐದುನೂರು ವರ್ಷ ಈಚಿನವಾದ್ದರಿಂದ ಕರ್ತೃತ್ವದ ಬಗ್ಗೆ ವಾದಗಳಿವೆ. ಆದರೂ ಅವಳನ್ನು ಕವಿ ಎಂದು ಕರೆಯಲು ಆಧಾರವಿದೆ. ಖಗೋಳ ವಿಜ್ಞಾನಿ ಎಂದು ಕರೆಯಲು ಏನು ಆಧಾರ?

ಅವಳ ಹೆಸರಿನಲ್ಲಿರುವ ದೇಗುಲ ಸ್ತುತಿಗಳು 42. ಕೊನೆಯದು ನಿಸಬಾ ಎಂಬ ದೇವತೆಯ ಗುಡಿಯನ್ನು ಕುರಿತದ್ದು. ಆಕಾಶವನ್ನು ಅಳೆಯುವ ಜಾಣೆಯೊಬ್ಬಳ ವರ್ಣನೆ ಬರುವುದು ಅಲ್ಲಿ. ಅಳೆಯುವವಳು ನಿಸಬಾ, ಬರವಣಿಗೆಯ ದೇವತೆ. ದೇವತೆಯ ಗುಣವನ್ನು ತೆಗೆದು ಕವಿಯ ಉದ್ಯೋಗ ಮಾಡಿದ್ದು ನಮ್ಮ ಕಾಲದ ಓದು. ಸರಸ್ವತಿಯ ಕೈಯಲ್ಲಿ ವೀಣೆಯಿದೆ ಎಂದು ಬರೆದವನನ್ನು ವೈಣಿಕ ಎಂದು ಸನ್ಮಾನಿಸಿದಂತೆ ಇದು. ಉದ್ದೇಶ ಒಳ್ಳೆಯದಿರಬಹುದು, ಓದು ತಪ್ಪು.

ಮುಂದಿನ ಬ್ಯಾಬಿಲೋನಿನ ದಾಖಲೆಗಳನ್ನು ನೋಡಿದರೆ ಚಿತ್ರ ಇನ್ನೂ ಒಣಗುತ್ತದೆ. ‘ಎನೂಮ ಅನು ಎನ್ಲಿಲ್’ ಎಂಬ ಶಕುನಗಳ ಕೋಶ ಸುಮಾರು 70 ಮಣ್ಣಿನ ಹಲಗೆಗಳಷ್ಟು ದೊಡ್ಡದು. ದಿನದಿನದ ಆಕಾಶ, ಹವೆ, ನದಿಯ ಮಟ್ಟ, ಧಾನ್ಯದ ಬೆಲೆ ಬರೆದಿಟ್ಟ ದಿನಚರಿಗಳು ಕ್ರಿ.ಪೂ. 652ರಿಂದ ಕ್ರಿ.ಪೂ. 61ರವರೆಗಿನವು ಸಿಕ್ಕಿವೆ. ಅಸ್ಸೀರಿಯದ ಅರಸರಿಗೆ ಗ್ರಹಣದ ಫಲ ಬರೆದು ಕಳಿಸಿದ ಪಂಡಿತರ ಹೆಸರುಗಳೆಲ್ಲ ಗಂಡಸರವು. ಹಾಗೆಂದು ಹೆಂಗಸರಿಗೆ ಅಕ್ಷರ ಬರುತ್ತಿರಲಿಲ್ಲ ಎಂದಲ್ಲ. ಸಿಪ್ಪರ್ ಪಟ್ಟಣದಲ್ಲಿ ಲಿಪಿಕಾರ್ತಿಯರು ಇದ್ದರು. ಕ್ರಿ.ಪೂ. 1900ರ ಆಸುಪಾಸಿನ ವ್ಯಾಪಾರಿ ಕುಟುಂಬಗಳ ಕಾಗದಗಳಲ್ಲಿ ಕನಸಿನ ಅರ್ಥ ಹೇಳುವ, ಶಕುನ ನೋಡುವ ಹೆಂಗಸರ ಮಾತು ಬರುತ್ತದೆ. ನಮ್ಮ ಕಣಿ ಹೇಳುವ ಕೊರವಿಯಂತೆ ಅವರಿಗೂ ಓಣಿಯಲ್ಲಿ ಮಾನವಿತ್ತು, ಅರಮನೆಯ ಹಲಗೆಯಲ್ಲಿ ಜಾಗ ಇರಲಿಲ್ಲ.

ಹಾಗಾದರೆ ಎನ್‌ಹೆಡುವನ್ನಾಳ ಬೆಲೆ ಕಡಿಮೆಯಾಯಿತೆ? ಅವಳದೆನ್ನುವ ಇನಾನ್ನಾ ಸ್ತುತಿಯನ್ನು ಅನುವಾದದಲ್ಲಿ ಓದಿದಾಗ ನನಗೆ ಹಾಗೆ ಅನ್ನಿಸಲಿಲ್ಲ. ದಂಗೆಯೆದ್ದವನೊಬ್ಬ ಅವಳನ್ನು ಗುಡಿಯಿಂದ ಹೊರದಬ್ಬಿದ್ದಾನೆ. ಜೀವಮಾನವಿಡೀ ಸೇವೆ ಮಾಡಿದ ಚಂದ್ರನಿಗೆ ಮೊರೆಯಿಡುತ್ತಾಳೆ. ಚಂದ್ರ ಕಿವಿಗೊಡುವುದಿಲ್ಲ, ನ್ಯಾಯ ಹೇಳುವುದಿಲ್ಲ. ಆಗ ಅವಳು ಬೆಳ್ಳಿಚುಕ್ಕೆಯ ದೇವತೆ ಇನಾನ್ನಾಳ ಕಡೆಗೆ ತಿರುಗುತ್ತಾಳೆ. ಚಂದ್ರನ ಪೂಜಾರಿಣಿಯೇ ಚಂದ್ರ ಸುಮ್ಮನಿದ್ದಾನೆ ಎಂದು ದೂರುವ ಧೈರ್ಯ ಯಾವ ಶಕುನಕೋಶದಲ್ಲಿದೆ? ಅಲ್ಲಿ ಆಕಾಶ ಯಾವಾಗಲೂ ಮಾತಾಡುತ್ತದೆ. ಇಲ್ಲಿ ಒಬ್ಬಳು ಅದರ ಮೌನವನ್ನು ಬರೆದಳು. ವಿಜ್ಞಾನಿಯ ಪಟ್ಟ ಕಟ್ಟುವ ಅವಸರದಲ್ಲಿ ನಾವು ಈ ಕವಿಯನ್ನು ಓದುವುದನ್ನೇ ಬಿಟ್ಟಿದ್ದೇವೆ.

ಇನ್ನೊಬ್ಬ ಹುಡುಗಿಯನ್ನೂ ಮರೆತಿದ್ದೇವೆ. ಕ್ರಿ.ಪೂ. 554ರ ಸೆಪ್ಟೆಂಬರ್ 26ರಂದು ಚಂದ್ರಗ್ರಹಣವಾಯಿತು. ಬ್ಯಾಬಿಲೋನಿನ ಕೊನೆಯ ಅರಸ ನಬೊನಿಡಸ್ ಅದನ್ನು, ಚಂದ್ರದೇವ ತನಗೊಬ್ಬ ಪೂಜಾರಿಣಿ ಬೇಕೆಂದು ಕೇಳುತ್ತಿದ್ದಾನೆ ಎಂದು ಓದಿಸಿದ. ಬಲಿಪಶುವಿನ ಒಳಾಂಗಗಳಲ್ಲಿ ಮತ್ತೆ ಶಕುನ ನೋಡಿಸಿ ತನ್ನ ಮಗಳನ್ನೇ ಉರ್‌ನ ಗುಡಿಗೆ ಕೊಟ್ಟ. ಅವಳಿಗೆ ಎನ್ನಿಗಲ್ಡಿ-ನನ್ನಾ ಎಂದು ಹೊಸ ಹೆಸರಿಟ್ಟ. ‘ನನ್ನ ದೇವನು ಕೇಳಿ ಪಡೆದ ಪೂಜಾರಿಣಿ’ ಎಂಬುದು ಅದರ ತಾತ್ಪರ್ಯ. ಎನ್‌ಹೆಡುವನ್ನಾ ಎಂಬುದೂ ಹಾಗೆ ಪದವಿಯ ಹೆಸರೇ. ಎನ್ನಿಗಲ್ಡಿಯನ್ನು ಕೊಟ್ಟ ಕತೆ ಹೇಳುವ ಶಾಸನದ ಉದ್ದಕ್ಕೂ ಮಾತಾಡುವವನು ಅಪ್ಪ. ಗ್ರಹಣವನ್ನು ಓದಿದವರು ಗಂಡಸರು, ಓದಿನ ಫಲ ಅನುಭವಿಸಿದವಳು ಹುಡುಗಿ.

ಈ ಕತೆ ಓದುವಾಗ ನನಗೆ ಎಲ್ಲಮ್ಮನ ಗುಡ್ಡ ಕಣ್ಣಮುಂದೆ ಬಂತು. ಬೈಲಹೊಂಗಲದವಳಾದ ನನಗೆ ಅದು ದೂರದ ಊರಲ್ಲ. ಕಿತ್ತೂರು, ರಾಮದುರ್ಗದ ಕಡೆಯಿಂದಲೂ ಜನ ಚಕ್ಕಡಿ ಕಟ್ಟಿಕೊಂಡು ಹುಣ್ಣಿವಿಗೆ ಅಲ್ಲಿಗೆ ಹೋಗುತ್ತಿದ್ದರು. ಹೊಸ್ತಿಲ ಹುಣ್ಣಿಮೆ ಅಲ್ಲಿ ರಂಡಿ ಹುಣ್ಣಿಮೆ, ಎಲ್ಲಮ್ಮನ ಬಳೆ ಒಡೆಯುವ ದಿನ. ಭಾರತ ಹುಣ್ಣಿಮೆ ಮುತ್ತೈದೆ ಹುಣ್ಣಿಮೆ, ಮತ್ತೆ ಬಳೆ ಏರುವ ದಿನ. ದೇವಿಯೊಬ್ಬಳು ವಿಧವೆಯಾಗುವುದೂ ಮುತ್ತೈದೆಯಾಗುವುದೂ ಚಂದ್ರನ ಲೆಕ್ಕದಲ್ಲಿ. ಇದೇ ಗುಡ್ಡದ ಹೆಸರಿನಲ್ಲಿ, ಹೆಣ್ಣುಮಗುವಿನ ಕೂದಲು ಜಡೆಗಟ್ಟಿದರೆ ‘ಅವ್ವ ಕರೀಲಿಕತ್ಯಾಳ’ ಎಂದು ಓದಿ ಮುತ್ತು ಕಟ್ಟಿಸಿದ ಮನೆಗಳೆಷ್ಟೋ. ಕೂದಲಿನ ಗಂಟೂ ಒಂದು ಶಕುನ, ಅಲ್ಲೂ ಹುಡುಗಿಯನ್ನು ಕೇಳಿದವರಿಲ್ಲ. 1982ರ ದೇವದಾಸಿ ಸಮರ್ಪಣೆ ನಿಷೇಧದ ಕಾಯ್ದೆ ಬಂದ ಮೇಲೆ ಆ ಓದು ಅಪರಾಧವಾಯಿತು. ದೊರೆಯ ಮಗಳಿಗೂ ಕೂಲಿಯವಳ ಮಗಳಿಗೂ ಇರುವ ಅಂತರ ದೊಡ್ಡದು. ಒಬ್ಬಳಿಗೆ ಗುಡಿಯ ಅಧಿಕಾರ ಸಿಕ್ಕಿತು, ಇನ್ನೊಬ್ಬಳಿಗೆ ಹಸಿವು. ಆದರೆ ಇಬ್ಬರೂ ಓದುಗರಲ್ಲ, ಇನ್ನೊಬ್ಬರು ಓದಿದ ಬರಹ.

ನಮ್ಮ ಸೀಮೆಯಲ್ಲಿ ಹೆಣ್ಣಿಗೆ ಇದೊಂದೇ ಪಾಲು ಎಂದರೆ ಅದೂ ತಪ್ಪು ಓದಾಗುತ್ತದೆ. ಸವದತ್ತಿಯಲ್ಲಿ ರಟ್ಟರ ಶಾಂತಿವರ್ಮನ 980ರ ಶಾಸನವಿದೆ. ಅವನು ಬಸದಿಗೆ 150 ಮತ್ತರು ಭೂಮಿ ಕೊಟ್ಟ, ಅವನ ತಾಯಿ ನಿಜಿಕಬ್ಬೆಯೂ ಅಷ್ಟೇ ಕೊಟ್ಟಳು. ಆ ಕಾಲದ ದಾನಗಳಿಗೆ ಸಂಕ್ರಮಣವನ್ನೋ ಗ್ರಹಣವನ್ನೋ ಹುಡುಕಿ ತಿಥಿ ಗೊತ್ತುಮಾಡುತ್ತಿದ್ದುದನ್ನು ಶಾಸನ ಓದಿದವರೆಲ್ಲ ಬಲ್ಲರು. ಲೆಕ್ಕ ಹಾಕಿದ ಜೋಯಿಸ ಯಾರೋ, ಕೊಟ್ಟವಳ ಹೆಸರು ಮಾತ್ರ ಕಲ್ಲಿನಲ್ಲಿ ಉಳಿದಿದೆ.

ಕಲ್ಲಿಗೂ ಕಾಗದಕ್ಕೂ ಸಿಗದ ಇನ್ನೊಂದು ಲೆಕ್ಕ ನಮ್ಮ ಆಯಿಯ ಬಾಯಲ್ಲಿತ್ತು. ಅವಳಿಗೆ ಅಕ್ಷರ ಬರುತ್ತಿರಲಿಲ್ಲ. ಜ್ಯೇಷ್ಠ, ಆಷಾಢ ಎಂದೂ ಅಂದವಳಲ್ಲ. ಕಾರಹುಣ್ಣಿವಿ, ಕಡ್ಲಿಗಡಬಿನ ಹುಣ್ಣಿವಿ, ನೂಲಹುಣ್ಣಿವಿ, ಜೋಕುಮಾರನ ಹುಣ್ಣಿವಿ, ಸೀಗಿ ಹುಣ್ಣಿವಿ, ಗೌರಿ ಹುಣ್ಣಿವಿ ಎಂದು ವರ್ಷವನ್ನು ಬೆರಳ ಗೆಣ್ಣಿನ ಮೇಲೆ ಎಣಿಸುತ್ತಿದ್ದಳು. ಸೀಗಿ ಹುಣ್ಣಿಮೆಗೆ ಎರೆ ಹೊಲಕ್ಕೆ ಹೋಗಿ ಬಸುರಿ ಭೂಮಿಗೆ ಚರಗ ಚೆಲ್ಲಬೇಕು, ಗೌರಿ ಹುಣ್ಣಿಮೆಗೆ ಹುಡುಗಿಯರು ಸಕ್ಕರೆ ಆರತಿ ಹೊತ್ತು ಹೊರಡಬೇಕು. ಕಟ್ಟೆಯ ಮೇಲೆ ಕೂತು, “ಇವತ್ತ ಚಂದ್ರ ಎಷ್ಟ ಹೊತ್ತಿಗೆ ಬಂದಾನ ನೋಡು, ಹುಣ್ಣಿವಿಗೆ ಇನ್ನ ಎಲ್ಡ ದಿನ ಐತಿ” ಎಂದರೆ, ಪಂಚಾಂಗ ತೆಗೆದು ನೋಡಿದ ಅಜ್ಜನೂ ಅದನ್ನೇ ಹೇಳುತ್ತಿದ್ದ.

ನಿಸಬಾ ಬರವಣಿಗೆಯ ದೇವತೆ ಎಂದೆ. ಅದಕ್ಕೂ ಮೊದಲು ಅವಳು ಧಾನ್ಯದ ದೇವತೆ. ಲಗಷಿನ ದೊರೆ ಗುಡೇಯ ತನ್ನ ಕನಸಿನಲ್ಲಿ ಅವಳನ್ನು ಕಂಡದ್ದು ನಕ್ಷತ್ರಗಳ ಹಲಗೆ ಹಿಡಿದಂತೆ. ಕಾಳೂ ಚುಕ್ಕಿಯೂ ಒಂದೇ ಹೆಣ್ಣಿನ ಕೈಯಲ್ಲಿ ಯಾಕಿವೆ ಎಂದು ಚರಗ ಚೆಲ್ಲಿದ ಮನೆಯವರಿಗೆ ಬಿಡಿಸಿ ಹೇಳಬೇಕಿಲ್ಲ. ಆದರೆ ಆಯಿಯನ್ನು ಖಗೋಳ ವಿಜ್ಞಾನಿ ಎಂದರೆ ಅವಳೇ ನಕ್ಕಾಳು. ಅವಳದು ಬಿತ್ತಿಗೆಗೆ, ಹಬ್ಬಕ್ಕೆ, ಮಗಳ ಬಾಣಂತನಕ್ಕೆ ಬೇಕಾದ ತಿಳಿವು. ಅದನ್ನು ಅದರ ಹೆಸರಿನಿಂದಲೇ ಕರೆಯುವುದು ಮರ್ಯಾದೆ.

ಮೊನ್ನೆ ಆ ವಿದ್ಯಾರ್ಥಿನಿಗೆ ಇಷ್ಟನ್ನೂ ಹೇಳಿದೆ. ಅವಳು ತುಸು ಹೊತ್ತು ಸುಮ್ಮನಿದ್ದು, “ಹಂಗಾರ ಆ ಎರಡನೇದಾಕಿ ಹೆಸರು, ಅಂದ್ರ ಹುಟ್ಟಿದ ಹೆಸರು, ಏನಿತ್ರಿ?” ಎಂದು ಕೇಳಿದಳು. ಅರಸನ ಶಾಸನ ಅದನ್ನು ಹೇಳುವುದಿಲ್ಲ ಎಂದೆ. ಫೋನಿನಲ್ಲಿದ್ದ ಚಿತ್ರವನ್ನು ಅವಳು ಅಳಿಸಲಿಲ್ಲ. ಅದರ ಕೆಳಗಿನ ಸಾಲನ್ನು ಮಾತ್ರ ತಿದ್ದಿ, ‘ವಿಜ್ಞಾನಿ’ ಎಂದಿದ್ದಲ್ಲಿ ‘ಕವಿ’ ಎಂದು ಬರೆದು ನನಗೆ ಕಳಿಸಿದಳು.